ನೆರೆನಾಡನ್ನು ಓದಿ ಬರೆದ ಅಲ್‌ಬಿರೂನಿ

ಘಜ್ನಿಯ ಮಹಮೂದನು ಭಾರತದ ಮೇಲೆ ಎಷ್ಟು ಬಾರಿ ದಂಡೆತ್ತಿ ಬಂದ ಎಂದು ಹೈಸ್ಕೂಲಿನ ಯಾವ ವಿದ್ಯಾರ್ಥಿಯನ್ನು ಕೇಳಿದರೂ ಹದಿನೇಳು ಬಾರಿ ಎಂಬ ಉತ್ತರ ಥಟ್ಟನೆ ಬರುತ್ತದೆ. ಅದೇ ಮಹಮೂದನ ಕಾಲದಲ್ಲಿ, ಅವನ ರಾಜಧಾನಿಯಲ್ಲೇ ವಾಸವಾಗಿದ್ದುಕೊಂಡು, ಅವನು ಕೊಳ್ಳೆ ಹೊಡೆದ ನಾಡಿನ ಭಾಷೆಯನ್ನು ಕಲಿತು, ಅಲ್ಲಿಯ ಜನರ ಧರ್ಮ, ವಿದ್ಯೆ, ಆಚಾರಗಳ ಬಗ್ಗೆ ಎಂಬತ್ತು ಅಧ್ಯಾಯಗಳ ಗ್ರಂಥ ಬರೆದ ವಿದ್ವಾಂಸರು ಯಾರು ಎಂದು ಕೇಳಿ ನೋಡಿ. ತರಗತಿ ಮೌನವಾಗುತ್ತದೆ. ತಪ್ಪು ಮಕ್ಕಳದಲ್ಲ. ನಾವು ಕಲಿಸುವ ಪಾಠಗಳಲ್ಲಿ ಸುಲ್ತಾನನಿಗೆ ಪುಟಗಳು, ವಿದ್ವಾಂಸನಿಗೆ ಒಂದು ಸಾಲು. ಆ ಒಂದು ಸಾಲನ್ನು ಸ್ವಲ್ಪ ಬಿಡಿಸಿ ಹೇಳುವುದಕ್ಕಾಗಿ ಈ ಲೇಖನ.

ಅಬೂ ರೈಹಾನ್ ಮುಹಮ್ಮದ್ ಇಬ್ನ್ ಅಹ್ಮದ್ ಅಲ್‌ಬಿರೂನಿ ಹುಟ್ಟಿದ್ದು ಕ್ರಿ.ಶ. 973ರಲ್ಲಿ, ಅಂದರೆ ಹಿಜರಿ 362ರಲ್ಲಿ, ಖ್ವಾರಿಜ್ಮ್ ಪ್ರಾಂತ್ಯದ ಕಾಥ್ ಪಟ್ಟಣದ ಹತ್ತಿರ. ಅದು ಅಮೂ ನದಿಯ ದಡದ ನಾಡು. ಇಂದಿನ ಉಜ್ಬೇಕಿಸ್ತಾನಕ್ಕೆ ಸೇರಿದೆ. ಬಿರೂನ್ ಎಂದರೆ ಹೊರಗೆ ಎಂದರ್ಥ. ಊರಿನ ಹೊರವಲಯದಲ್ಲಿ ಹುಟ್ಟಿದವರಾದ್ದರಿಂದ ಬಿರೂನಿ ಎಂಬ ಹೆಸರು ಬಂತೆಂದು ಹೇಳುತ್ತಾರೆ. ಅವರ ಮನೆಮಾತು ಖ್ವಾರಿಜ್ಮಿ. ಆ ಭಾಷೆ ಇಂದು ಭೂಮಿಯ ಮೇಲೆ ಎಲ್ಲಿಯೂ ಉಳಿದಿಲ್ಲ. ವಿದ್ಯೆಯ ಭಾಷೆಯಾಗಿ ಅವರು ಆರಿಸಿಕೊಂಡದ್ದು ಅರಬ್ಬಿಯನ್ನು, ಫಾರಸಿಯೂ ಬರುತ್ತಿತ್ತು. ಅರಬ್ಬಿಯೂ ಫಾರಸಿಯೂ ತನಗೆ ಕಲಿತು ಬಂದ ಭಾಷೆಗಳೇ ಎಂಬುದನ್ನು ಅವರು ಕೊನೆಗಾಲದ ಪುಸ್ತಕವೊಂದರಲ್ಲಿ ಮುಚ್ಚುಮರೆಯಿಲ್ಲದೆ ಬರೆದುಕೊಂಡಿದ್ದಾರೆ. ಮನೆಯಲ್ಲಿ ಒಂದು ಭಾಷೆ, ಮದರಸದಲ್ಲಿ ಒಂದು, ಶಾಲೆಯಲ್ಲಿ ಮತ್ತೊಂದು ಎಂದು ಬೆಳೆಯುವ ನಮ್ಮ ಮಕ್ಕಳಿಗೆ ಇದು ಹೊಸ ಸಂಗತಿಯೇನಲ್ಲ.

ಅವರ ಗುರು ಅಬೂ ನಸ್ರ್ ಮನ್ಸೂರ್ ಅವರು ಅಲ್ಲಿಯ ರಾಜಮನೆತನಕ್ಕೆ ಸೇರಿದ ದೊಡ್ಡ ಗಣಿತಜ್ಞರು. ಆದರೆ 995ರಲ್ಲಿ ಆ ರಾಜಮನೆತನವೇ ಉರುಳಿತು. ಇಪ್ಪತ್ತೆರಡರ ಹರೆಯದಲ್ಲಿ ಬಿರೂನಿಯವರು ಊರು ಬಿಟ್ಟು ಓಡಬೇಕಾಯಿತು. ಬಡತನದಲ್ಲೇ ಕೆಲವು ವರ್ಷ ಊರೂರು ತಿರುಗಿದರು. ಆ ಅಲೆದಾಟದ ನಡುವೆಯೂ 997ರ ಮೇ 24ರ ಚಂದ್ರಗ್ರಹಣವನ್ನು ಕಾಥ್‌ನಲ್ಲಿ ನಿಂತು ನೋಡಿದರು. ಅದೇ ರಾತ್ರಿ ಬಗ್ದಾದಿನಲ್ಲಿ ಅಬುಲ್ ವಫಾ ಎಂಬ ಖಗೋಳಜ್ಞರು ಅದೇ ಗ್ರಹಣವನ್ನು ಗಮನಿಸುವಂತೆ ಮೊದಲೇ ಏರ್ಪಾಡಾಗಿತ್ತು. ಇಬ್ಬರೂ ಗುರುತು ಮಾಡಿಕೊಂಡ ವೇಳೆಯನ್ನು ಹೋಲಿಸಿ ಎರಡು ಊರುಗಳ ರೇಖಾಂಶದ ಅಂತರವನ್ನು ಲೆಕ್ಕ ಹಾಕಿದರು. ಫೋನಿಲ್ಲ, ತಂತಿಯಿಲ್ಲ, ಪತ್ರ ಒಯ್ಯುವುದಕ್ಕೆ ಒಂಟೆಗಳ ಸಾಲು. ಮುಂದೆ ಜುರ್ಜಾನಿನ ದೊರೆ ಕಾಬೂಸ್‌ನ ಆಶ್ರಯದಲ್ಲಿ, ಸುಮಾರು 1000ದಲ್ಲಿ, ಅವರು ಬರೆದ ಮೊದಲ ದೊಡ್ಡ ಗ್ರಂಥ ಅಲ್ ಆಸಾರುಲ್ ಬಾಕಿಯಾ. ಯಹೂದಿಗಳು, ಕ್ರೈಸ್ತರು, ಪಾರಸಿಗಳು, ಅರಬರು ಮುಂತಾದವರ ಪಂಚಾಂಗಗಳನ್ನೂ ಹಬ್ಬಗಳನ್ನೂ ಶಕಗಳನ್ನೂ ವಿವರಿಸುವ ಪುಸ್ತಕ ಅದು. ಪರರ ವಿಷಯವನ್ನು ಅವರಿಂದಲೇ ಕೇಳಿ ತಿಳಿಯಬೇಕೆಂಬ ಅವರ ಸ್ವಭಾವ ಅಲ್ಲಿಂದಲೇ ಕಾಣುತ್ತದೆ. ಯುವಕ ಇಬ್ನ್ ಸೀನಾರೊಂದಿಗೆ ಅರಿಸ್ಟಾಟಲನ ವಿಚಾರಗಳ ಕುರಿತು ಅವರು ಪತ್ರಗಳಲ್ಲಿ ನಡೆಸಿದ ವಾಗ್ವಾದವೂ ಪ್ರಸಿದ್ಧ. ಕೆಲವು ಕಡೆ ಮಾತು ಖಾರವಾಗಿಯೇ ಇದೆ!

ಸುಮಾರು 1004ರ ಹೊತ್ತಿಗೆ ಬಿರೂನಿಯವರು ಖ್ವಾರಿಜ್ಮ್‌ಗೆ ಹಿಂತಿರುಗಿ ಅಲ್ಲಿಯ ಹೊಸ ದೊರೆ ಮಾಮೂನ್‌ನ ಆಸ್ಥಾನ ಸೇರಿದರು. ವಿದ್ವತ್ತಿನ ಜೊತೆಗೆ ರಾಜಕಾರ್ಯದಲ್ಲೂ ಸಲಹೆಗಾರರಾದರು. ಆ ದೊರೆ ಮಹಮೂದನ ತಂಗಿಯನ್ನು ಮದುವೆಯಾಗಿದ್ದ. 1017ರಲ್ಲಿ ಅವನದೇ ಸೈನ್ಯ ದಂಗೆಯೆದ್ದು ಅವನನ್ನು ಕೊಂದುಹಾಕಿದಾಗ ಅದೇ ನೆಪವಾಗಿ ಮಹಮೂದ್ ಖ್ವಾರಿಜ್ಮ್‌ಗೆ ನುಗ್ಗಿ ಅದನ್ನು ವಶಪಡಿಸಿಕೊಂಡ. ಅಲ್ಲಿಯ ವಿದ್ವಾಂಸರನ್ನೂ ತನ್ನೊಂದಿಗೆ ಘಜ್ನಿಗೆ ಸಾಗಿಸಿಕೊಂಡು ಹೋದ. ಅವರಲ್ಲಿ ನಲವತ್ತನಾಲ್ಕು ವರ್ಷದ ಬಿರೂನಿಯವರೂ ಒಬ್ಬರು. ಹೀಗೆ ಬಿರೂನಿಯವರು ಘಜ್ನಿಗೆ ಬಂದದ್ದು ತಮ್ಮ ಇಷ್ಟದಿಂದಲ್ಲ. ತಮ್ಮ ಊರನ್ನು ಗೆದ್ದವನ ಊರಿನಲ್ಲಿ, ಅವನ ಅನ್ನದ ಋಣದಲ್ಲಿ ಉಳಿದ ಆಯುಷ್ಯವನ್ನು ಕಳೆಯಬೇಕಾಯಿತು. ಮರುವರ್ಷ ಕಾಬೂಲಿನ ಸಮೀಪದ ಹಳ್ಳಿಯೊಂದರಲ್ಲಿದ್ದಾಗ ಕೈಯಲ್ಲಿ ಉಪಕರಣವಿಲ್ಲದೆ, ಇದ್ದುದರಲ್ಲೇ ಒಂದು ಸಾಧನವನ್ನು ಮಾಡಿಕೊಂಡು ಸೂರ್ಯನ ಎತ್ತರವನ್ನು ಅಳೆದರಂತೆ. ಅಂಥ ಸ್ಥಿತಿಯಲ್ಲೂ ಅವರ ಕೈ ಸುಮ್ಮನೆ ಇರುತ್ತಿರಲಿಲ್ಲ.

ಘಜ್ನಿಗೆ ನೆರೆಯ ನಾಡೆಂದರೆ ಹಿಂದ್. ಅರಬ್ಬಿ ಪುಸ್ತಕಗಳಲ್ಲಿ ಹಿಂದ್ ದೇಶದ ಬಗ್ಗೆ ಅದುವರೆಗೆ ಇದ್ದದ್ದು ಬಹುಮಟ್ಟಿಗೆ ಕೇಳಿದ ಮಾತು. ಒಬ್ಬ ಬರೆದದ್ದನ್ನು ಇನ್ನೊಬ್ಬ ನಕಲು ಮಾಡುವುದು, ವಿಚಿತ್ರವೆನಿಸಿದ್ದನ್ನು ಇನ್ನಷ್ಟು ಹಿಗ್ಗಿಸುವುದು, ಕೊನೆಗೆ ಅದನ್ನೇ ನಂಬಿ ಗೇಲಿ ಮಾಡುವುದು. ಒಮ್ಮೆ ಬಿರೂನಿಯವರೂ ಅವರ ಗುರುಸಮಾನರಾದ ಅಬೂ ಸಹ್ಲ್ ಎಂಬವರೂ ಇದೇ ವಿಷಯ ಮಾತನಾಡುತ್ತಿದ್ದರು. ಎದುರು ಪಕ್ಷದವರ ಮತವನ್ನು ತಿರುಚಿ ಬರೆಯುವ ಲೇಖಕರ ಬಗ್ಗೆ ಇಬ್ಬರಿಗೂ ಬೇಸರವಿತ್ತು. ಹಿಂದೂಗಳ ಬಗ್ಗೆ ನಿನಗೆ ತಿಳಿದದ್ದನ್ನು ನೀನೇ ಬರೆ, ಅವರೊಂದಿಗೆ ಮಾತನಾಡಬಯಸುವವರಿಗೆ ಉಪಯೋಗವಾಗಲಿ ಎಂದು ಅಬೂ ಸಹ್ಲ್ ಒತ್ತಾಯಿಸಿದರು. ಹಾಗೆ ಹುಟ್ಟಿದ್ದು ಕಿತಾಬುಲ್ ಹಿಂದ್. ಅದನ್ನು ಬರೆದು ಮುಗಿಸಿದ್ದು ಮಹಮೂದ್ ತೀರಿಕೊಂಡ 1030ರ ಸುಮಾರಿಗೆ. ಗಮನಿಸಬೇಕಾದ ಸಂಗತಿ, ಬಿರೂನಿಯವರು ತಮ್ಮ ಇತರ ಹಲವು ಗ್ರಂಥಗಳನ್ನು ದೊರೆಗಳಿಗೆ ಅರ್ಪಿಸಿದ್ದಾರೆ. ಈ ಪುಸ್ತಕವನ್ನು ಯಾವ ಸುಲ್ತಾನನಿಗೂ ಅರ್ಪಿಸಿಲ್ಲ.

ಪುಸ್ತಕದ ಆರಂಭದಲ್ಲೇ ಅವರು ತಮ್ಮ ಕಟ್ಟುಪಾಡನ್ನು ಹೇಳಿಬಿಡುತ್ತಾರೆ. ಇದು ವಾದದ ಪುಸ್ತಕವಲ್ಲ. ಹಿಂದೂಗಳು ಏನು ನಂಬುತ್ತಾರೋ ಅದನ್ನು ಅವರ ಗ್ರಂಥಗಳಿಂದಲೇ ತೆಗೆದು ಮುಂದಿಡುತ್ತೇನೆ. ಸರಿಯೋ ತಪ್ಪೋ ಎಂದು ಖಂಡಿಸಲು ಹೋಗುವುದಿಲ್ಲ. ಗ್ರೀಕರಲ್ಲೂ ಸೂಫಿಗಳಲ್ಲೂ ಕ್ರೈಸ್ತರಲ್ಲೂ ಅಂಥದೇ ವಿಚಾರವಿದ್ದರೆ ಪಕ್ಕದಲ್ಲಿಟ್ಟು ತೋರಿಸುತ್ತೇನೆ ಎಂಬುದು ಅದರ ಸಾರಾಂಶ. ಸ್ವತಃ ದೃಢವಾದ ಮುಸಲ್ಮಾನರಾಗಿದ್ದವರು ಇದನ್ನು ಬರೆದದ್ದು ಎರಡೂ ಕಡೆ ರಕ್ತ ಹರಿಯುತ್ತಿದ್ದ ಕಾಲದಲ್ಲಿ ಎಂಬುದನ್ನು ಮರೆಯಬಾರದು.

ಮೊದಲ ಅಧ್ಯಾಯದ ವಿಷಯ, ಈ ನೆರೆಯವರನ್ನು ಅರಿಯುವುದು ನಮಗೇಕೆ ಕಷ್ಟ ಎಂಬುದು. ಮೊದಲ ತಡೆ ಭಾಷೆ. ಸಂಸ್ಕೃತ ಅಪಾರವಾದದ್ದು, ಒಂದೇ ವಸ್ತುವಿಗೆ ಹಲವು ಹೆಸರು, ಒಂದೇ ಹೆಸರಿಗೆ ಹಲವು ವಸ್ತು. ಅಲ್ಲಿಯ ಕೆಲವು ಧ್ವನಿಗಳು ನಮ್ಮ ನಾಲಿಗೆಗೆ ಹೊರಳುವುದಿಲ್ಲ, ಕಿವಿಗೆ ಬೇರೆ ಬೇರೆಯಾಗಿ ಕೇಳಿಸುವುದೂ ಇಲ್ಲ. ಶಬ್ದದ ಮೊದಲಲ್ಲೇ ಎರಡು ಮೂರು ವ್ಯಂಜನಗಳು ಒಟ್ಟಾಗಿ ಬಂದರೆ ಉಚ್ಚರಿಸುವುದು ಹೇಗೆ ಎಂದು ಅವರು ತಮ್ಮ ಕಷ್ಟ ತೋಡಿಕೊಳ್ಳುತ್ತಾರೆ. ಇದನ್ನು ಓದಿದಾಗ ನನಗೆ ನಗು ಬಂತು. ಏಕೆಂದರೆ ನನ್ನ ತರಗತಿಯ ಉರ್ದು ಮನೆಮಾತಿನ ಮಕ್ಕಳು ಇಂದಿಗೂ ಸ್ಕೂಲನ್ನು ಇಸ್ಕೂಲ್ ಎನ್ನುತ್ತಾರೆ, ಸ್ಟೇಷನ್ ಅವರ ಬಾಯಲ್ಲಿ ಇಸ್ಟೇಷನ್ ಆಗುತ್ತದೆ, ಕನ್ನಡದ ಒತ್ತಕ್ಷರ ಬಂದರೆ ತಡವರಿಸುತ್ತಾರೆ. ಇನ್ನು ಮುಂದೆ ಅವರನ್ನು ಗದರಿಸುವ ಮೊದಲು ಬಿರೂನಿಯವರನ್ನು ನೆನೆಯಬೇಕು.

ಎರಡನೆಯ ದೂರು ಲಿಪಿಕಾರರ ಮೇಲೆ. ನಕಲು ಮಾಡುವವರ ಅಸಡ್ಡೆಯಿಂದ ಒಂದೆರಡು ಪ್ರತಿಗಳಾಗುವಷ್ಟರಲ್ಲಿ ಮೂಲ ಪುಸ್ತಕ ಗುರುತು ಸಿಗದಂತಾಗುತ್ತದೆ ಎಂದು ಅವರು ಬೇಸರಪಡುತ್ತಾರೆ. ಅದರ ಮೇಲೆ ಸಂಸ್ಕೃತದ ಹೆಸರುಗಳನ್ನು ಅರಬ್ಬಿ ಲಿಪಿಯಲ್ಲಿ ಬರೆಯುವ ತೊಂದರೆ ಬೇರೆ. ಜೇರ್, ಜಬರ್, ಪೇಶ್ ಹಾಕದೆ ಕನ್ನಡದ ಊರೊಂದರ ಹೆಸರನ್ನು ಉರ್ದುವಿನಲ್ಲಿ ಬರೆದು ಆ ಊರನ್ನು ಕೇಳಿಯೇ ಇರದವರಿಂದ ಓದಿಸಿ ನೋಡಿ. ಹತ್ತು ಜನ ಹತ್ತು ರೀತಿಯಲ್ಲಿ ಓದುತ್ತಾರೆ. ಬಿರೂನಿಯವರು ಒಂದೊಂದು ಶಬ್ದವನ್ನೂ ಪಂಡಿತರ ಬಾಯಿಂದ ಕೇಳಿ, ತಾವು ಹೇಳಿ, ಅವರು ಅಲ್ಲವೆಂದಾಗ ತಿದ್ದಿಕೊಂಡು ಮುಂದುವರಿಯುತ್ತಿದ್ದರು. ನಲವತ್ತೈದರ ಆಸುಪಾಸಿನಲ್ಲಿ ಹೊಸ ಭಾಷೆ ಕಲಿಯುವುದು ಎಷ್ಟು ಕಷ್ಟವೆಂದು ಕಲಿಸುವವರಿಗೂ ಗೊತ್ತು.

ಧರ್ಮಭೇದ, ಆಚಾರಭೇದಗಳನ್ನು ಹೇಳಿದ ನಂತರ ಅವರು ಮುಟ್ಟುವುದು ನಿಜವಾದ ಗಾಯವನ್ನು. ಮಹಮೂದನ ದಾಳಿಗಳು ಆ ನಾಡಿನ ಸಂಪತ್ತನ್ನು ಹಾಳುಮಾಡಿದವು, ಜನರನ್ನು ಧೂಳಿನ ಕಣಗಳಂತೆ ಚೆಲ್ಲಾಪಿಲ್ಲಿ ಮಾಡಿದವು, ಅದರಿಂದಾಗಿ ಉಳಿದವರ ಮನಸ್ಸಿನಲ್ಲಿ ಎಲ್ಲ ಮುಸಲ್ಮಾನರ ಮೇಲೂ ದ್ವೇಷ ಬೇರೂರಿತು, ಅವರ ವಿದ್ಯೆಗಳು ನಮ್ಮ ಕೈಗೆ ಸಿಗದಂತೆ ಕಾಶ್ಮೀರ, ಬನಾರಸ್ ಮುಂತಾದ ದೂರದ ಕಡೆಗೆ ಸರಿದುಹೋದವು ಎಂದು ಸ್ಪಷ್ಟವಾಗಿ ದಾಖಲಿಸಿದ್ದಾರೆ. ಮಹಮೂದನ ಮಗನೇ ಸಿಂಹಾಸನವೇರಿದ ಕಾಲ ಅದು. ಆಸ್ಥಾನದ ಕವಿಗಳು ಅದೇ ದಾಳಿಗಳನ್ನು ಹಾಡಿ ಹೊಗಳಿ ಇನಾಮು ಪಡೆಯುತ್ತಿದ್ದರು. ಸುಲ್ತಾನನ ಹೆಸರನ್ನು ಗೌರವದಿಂದಲೇ ಹೇಳುತ್ತಾ, ಆದ ಹಾನಿಯನ್ನು ಒಂದಿಷ್ಟೂ ಕಡಿಮೆ ಮಾಡದೆ ಬರೆದರು ಬಿರೂನಿಯವರು. ಹದಿನೇಳು ದಾಳಿಗಳ ಲೆಕ್ಕದ ಜೊತೆಗೆ ಈ ಮಾತನ್ನೂ ಮಕ್ಕಳಿಗೆ ಹೇಳಬೇಡವೇ?

ಹಾಗೆಂದು ಅವರು ನೆರೆಯವರನ್ನು ಹೊಗಳುತ್ತಾ ಕುಳಿತವರಲ್ಲ. ತಮ್ಮ ದೇಶದಂಥ ದೇಶವಿಲ್ಲ, ತಮ್ಮ ವಿದ್ಯೆಯಂಥ ವಿದ್ಯೆಯಿಲ್ಲ ಎಂಬ ಹೆಮ್ಮೆ ಅಲ್ಲಿಯ ಪಂಡಿತರಲ್ಲಿ ವಿಪರೀತವಾಗಿದೆ, ಪರದೇಶದವರಿಗೂ ಜ್ಞಾನವಿದೆಯೆಂದರೆ ನಂಬುವುದಿಲ್ಲ ಎಂದು ಖಾರವಾಗಿಯೇ ಬರೆದಿದ್ದಾರೆ. ಆದರೆ ಮರುಗಳಿಗೆಯಲ್ಲೇ ಇವರ ಪೂರ್ವಿಕರು ಹೀಗಿರಲಿಲ್ಲ ಎಂದು, ಗ್ರೀಕರು ಮ್ಲೇಚ್ಛರಾದರೂ ಶಾಸ್ತ್ರ ಬಲ್ಲವರಾದ್ದರಿಂದ ಗೌರವಕ್ಕೆ ಅರ್ಹರು ಎಂದ ವರಾಹಮಿಹಿರನನ್ನು ಸಾಕ್ಷಿಗೆ ಕರೆಯುತ್ತಾರೆ. ಗ್ರಹಣಕ್ಕೆ ಕಾರಣ ನೆರಳು ಎಂಬುದು ಬ್ರಹ್ಮಗುಪ್ತನಿಗೆ ಚೆನ್ನಾಗಿ ತಿಳಿದಿದ್ದರೂ ರಾಹುವಿನ ಕಥೆಯ ಪರವಾಗಿ ಮಾತನಾಡಿದ್ದಾನಲ್ಲ ಎಂದು ಅವನ ಮೇಲೆ ಸಿಟ್ಟಾಗುತ್ತಾರೆ. ಕೊನೆಗೆ, ಪಾಪ, ಸಾಕ್ರಟೀಸನಿಗಾದ ಗತಿ ತನಗೂ ಆದೀತೆಂದು ಹೆದರಿರಬೇಕು ಎಂದು ಅವನ ಕಷ್ಟವನ್ನೂ ಊಹಿಸುತ್ತಾರೆ. ಗಣಿತಜ್ಞನೊಬ್ಬ ನಾಲ್ಕುನೂರು ವರ್ಷ ಹಿಂದಿನ ಇನ್ನೊಬ್ಬ ಗಣಿತಜ್ಞನೊಂದಿಗೆ ಜಗಳವಾಡುವ ರೀತಿ ಅದು.

ವಿಗ್ರಹಾರಾಧನೆಯ ಅಧ್ಯಾಯವನ್ನು ನಮ್ಮ ಓದುಗರು ವಿಶೇಷವಾಗಿ ಗಮನಿಸಬೇಕು. ಓದು ಬಲ್ಲ ಹಿಂದೂ ದೇವರನ್ನು ಒಬ್ಬನೆಂದೂ ಆದಿ ಅಂತ್ಯಗಳಿಲ್ಲದವನೆಂದೂ ನಂಬುತ್ತಾನೆ. ವಿಗ್ರಹ ಬೇಕಾದದ್ದು ಸಾಮಾನ್ಯ ಜನರಿಗೆ ಎಂಬುದು ಅವರ ವಿವರಣೆ. ಕಣ್ಣಿಗೆ ಕಾಣುವುದನ್ನು ಹಿಡಿದುಕೊಳ್ಳುವುದು ಎಲ್ಲ ಜನಾಂಗಗಳ ಸಾಮಾನ್ಯರ ಸ್ವಭಾವ ಎಂದು ಹೇಳಿ, ನಮ್ಮಲ್ಲಿಯೂ ಓದು ಬಾರದವರ ಕೈಗೆ ಮಕ್ಕಾದ, ಕಾಬಾದ ಚಿತ್ರ ಕೊಟ್ಟರೆ ಸಂತೋಷದಿಂದ ಅದನ್ನೇ ಮುದ್ದಿಡುತ್ತಾರೆ ಎಂದು ಉದಾಹರಣೆ ಕೊಡುತ್ತಾರೆ. ಗೋಡೆಗೆ ಕಾಬಾದ ಕ್ಯಾಲೆಂಡರ್ ತೂಗುಹಾಕದ ಮನೆ ನಮ್ಮ ಮೊಹಲ್ಲಾಗಳಲ್ಲಿ ಎಷ್ಟಿವೆ? ಜಾತಿಭೇದದ ಬಗ್ಗೆ ಬರೆಯುವಾಗಲೂ ಅಷ್ಟೆ. ಹಿಂದೂಗಳಿಗೂ ನಮಗೂ ನಡುವಿನ ದೊಡ್ಡ ಗೋಡೆ ಅದೇ ಎಂದು ಹೇಳಿ, ಪುರಾತನ ಇರಾನಿನಲ್ಲೂ ಇಂಥ ವರ್ಗಗಳನ್ನು ರಾಜರು ಕಟ್ಟಿದ್ದರು ಎಂದು ನೆನಪಿಸುತ್ತಾರೆ. ವಿಚಿತ್ರವಾದ ಆಚಾರಗಳ ದೊಡ್ಡ ಪಟ್ಟಿ ಕೊಟ್ಟ ಮೇಲೆ, ಇಸ್ಲಾಂ ಬರುವ ಮೊದಲಿನ ಅರಬರ ಪದ್ಧತಿಗಳು ಇದಕ್ಕಿಂತ ಉತ್ತಮವಾಗಿರಲಿಲ್ಲ ಎಂದು ಸೇರಿಸುತ್ತಾರೆ.

ಬಿರೂನಿಯವರು ಇಡೀ ಭಾರತವನ್ನು ಸುತ್ತಿದರೆಂದು ಕೆಲವು ಪುಸ್ತಕಗಳಲ್ಲಿ ಬರೆದಿರುತ್ತಾರೆ. ಅದು ಸರಿಯಲ್ಲ. ಲಾಹೋರ್, ಸಿಯಾಲ್‌ಕೋಟ್, ಮುಲ್ತಾನ್, ಪೇಶಾವರ, ಝೇಲಂ, ನಂದನಾ ಕೋಟೆ ಮುಂತಾದ ಕೆಲವೇ ಸ್ಥಳಗಳ ಅಕ್ಷಾಂಶವನ್ನು ತಾವೇ ಅಳೆದದ್ದಾಗಿಯೂ ಅದರಾಚೆಗೆ ಹೋಗಿಲ್ಲವೆಂದೂ ಅವರೇ ಹೇಳಿಕೊಂಡಿದ್ದಾರೆ. ಅಷ್ಟು ಸ್ಥಳದಲ್ಲೇ ಅವರು ಕಂಡದ್ದು ಕಡಿಮೆಯಲ್ಲ. ನಂದನಾ ಕೋಟೆಯ ಗುಡ್ಡದ ಎತ್ತರವನ್ನು 652 ಮೊಳವೆಂದು ಅಳೆದು, ತುದಿಯಿಂದ ಕ್ಷಿತಿಜ ಎಷ್ಟು ಕೆಳಗೆ ಬಾಗಿದೆ ಎಂದು ನೋಡಿ, ಅಷ್ಟರಿಂದಲೇ ಭೂಮಿಯ ತ್ರಿಜ್ಯವನ್ನು ಲೆಕ್ಕಮಾಡಿದರು. ಬಂದ ಉತ್ತರ ಇಂದಿನ 6371 ಕಿಲೋಮೀಟರಿಗೆ ಬಹಳ ಹತ್ತಿರದ್ದೆಂದು ಹೇಳುತ್ತಾರೆ. ಅವರ ಮೊಳದ ಉದ್ದವೆಷ್ಟೆಂಬ ಚರ್ಚೆ ವಿದ್ವಾಂಸರಲ್ಲಿದೆ. ಬೆಟ್ಟದ ಬುಡದಲ್ಲಿ ದೊಡ್ಡ ಕಲ್ಲು, ದೂರ ಹೋದಂತೆ ಸಣ್ಣ ಕಲ್ಲು, ಕೊನೆಗೆ ಮರಳು ಇರುವುದನ್ನು ಗಮನಿಸಿ, ಉತ್ತರ ಭಾರತದ ಬಯಲು ಒಂದು ಕಾಲದಲ್ಲಿ ಸಮುದ್ರವಾಗಿದ್ದು ನದಿಗಳು ತಂದ ಮಣ್ಣಿನಿಂದ ತುಂಬಿರಬೇಕೆಂದೂ ಊಹಿಸಿದರು.

ದಕ್ಷಿಣದ ವಿಷಯ ಅವರಿಗೆ ತಿಳಿದದ್ದು ಇತರರಿಂದ ಕೇಳಿ. ಆದರೂ ಭಾರತದ ಲಿಪಿಗಳನ್ನು ಹೆಸರಿಸುವಾಗ ಕರ್ನಾಟದೇಶದ ಕರ್ನಾಟ ಲಿಪಿಯನ್ನು ಮರೆಯದೆ ಸೇರಿಸಿದ್ದಾರೆ. ಸೈನ್ಯಗಳಲ್ಲಿ ಕನ್ನರ ಎಂದು ಹೆಸರಾದ ಯೋಧರು ಬರುವುದು ಅಲ್ಲಿಂದಲೇ ಎಂದೂ ಹೇಳಿದ್ದಾರೆ. ದಕ್ಷಿಣದವರು ತಾಳೆಗರಿಯ ಮೇಲೆ ಬರೆದು, ನಡುವೆ ತೂತು ಮಾಡಿ ದಾರ ಪೋಣಿಸಿ ಕಟ್ಟುತ್ತಾರೆ ಎಂದು ನಮ್ಮ ಓಲೆಗಟ್ಟುಗಳನ್ನು ವರ್ಣಿಸಿದ್ದಾರೆ. ಪಂಪನ, ರನ್ನನ ಕಾವ್ಯಗಳು ಆಗಲೇ ಅಂಥ ಓಲೆಗಳ ಮೇಲಿದ್ದವು. ಅವುಗಳ ಸುದ್ದಿ ಘಜ್ನಿಗೆ ಮುಟ್ಟಲಿಲ್ಲ. ಲಿಪಿಯ ಹೆಸರು ಮುಟ್ಟಿತು. ಪುಸ್ತಕದ ಕೊರತೆಯೂ ಇಲ್ಲಿಯೇ ಇದೆ. ಬಿರೂನಿಯವರ ಹಿಂದ್ ಹೆಚ್ಚಾಗಿ ಸಂಸ್ಕೃತ ಗ್ರಂಥಗಳ, ಬ್ರಾಹ್ಮಣ ಪಂಡಿತರ ಹಿಂದ್. ಉಳುವವನ, ನೇಯುವವನ ಮಾತು ಅದರಲ್ಲಿ ಅಪರೂಪ.

ಪುಸ್ತಕಗಳನ್ನು ಅವರು ಸಂಗ್ರಹಿಸಿದ್ದು ಸ್ವಂತ ಖರ್ಚಿನಲ್ಲಿ, ದೂರದೂರದಿಂದ ತರಿಸಿಕೊಂಡು. ಪಂಡಿತರ ಮುಂದೆ ಮೊದಲು ಶಿಷ್ಯನಾಗಿ ಕುಳಿತರು. ನಂತರ ಗಣಿತದ ಯುಕ್ತಿಗಳನ್ನು ತೋರಿಸತೊಡಗಿದಾಗ ಅದೇ ಪಂಡಿತರು ಸುತ್ತ ನೆರೆದು ಯಾರಲ್ಲಿ ಕಲಿತೆ ಎಂದು ಬೆರಗಾಗಿ ಕೇಳುತ್ತಿದ್ದರಂತೆ. ಸಾಂಖ್ಯದ ಗ್ರಂಥವೊಂದನ್ನೂ ಪತಂಜಲಿಯ ಯೋಗವನ್ನೂ ಅರಬ್ಬಿಗೆ ಅನುವಾದಿಸಿದರು. ಪತಂಜಲಿಯ ಅನುವಾದ ಇಸ್ತಾಂಬುಲ್‌ನಲ್ಲಿ ಸಿಕ್ಕಿ 1956ರಲ್ಲಿ ಅಚ್ಚಾಯಿತು. ಕೇವಲ ತೆಗೆದುಕೊಂಡದ್ದಲ್ಲ, ಕೊಡಲೂ ಹೊರಟರು: ಯೂಕ್ಲಿಡನ ರೇಖಾಗಣಿತವನ್ನೂ ಟಾಲೆಮಿಯ ಖಗೋಳ ಗ್ರಂಥವನ್ನೂ ಹಿಂದೂಗಳಿಗಾಗಿ ಸಂಸ್ಕೃತ ಶ್ಲೋಕಗಳಲ್ಲಿ ಹೇಳಲು ಕೈಹಾಕಿದ್ದಾಗಿ ಬರೆದಿದ್ದಾರೆ. ಆ ಶ್ಲೋಕಗಳು ನಮಗೆ ಉಳಿದು ಬಂದಿಲ್ಲ.

ಕಿತಾಬುಲ್ ಹಿಂದ್‌ನ ದಾರಿಯಲ್ಲಿ ಮುಂದೆ ನಡೆದವರು ಶತಮಾನಗಳವರೆಗೆ ಬಹಳ ವಿರಳ. ಜರ್ಮನಿಯ ವಿದ್ವಾಂಸ ಎಡ್ವರ್ಡ್ ಸಖಾವ್ 1887ರಲ್ಲಿ ಅರಬ್ಬಿ ಮೂಲವನ್ನೂ ಮರುವರ್ಷ ಇಂಗ್ಲಿಷ್ ಅನುವಾದವನ್ನೂ ಪ್ರಕಟಿಸಿದ ಮೇಲೆ ಅದು ಲೋಕಕ್ಕೆ ಚೆನ್ನಾಗಿ ಪರಿಚಯವಾಯಿತು. ನಂತರ ಉರ್ದುವಿಗೂ ಬಂತು. ನಮ್ಮ ನೆರೆಯ ಹೈದರಾಬಾದಿನ ದಾಯಿರತುಲ್ ಮಆರಿಫ್ ಸಂಸ್ಥೆ 1958ರಲ್ಲಿ ಅರಬ್ಬಿ ಮೂಲವನ್ನು ಮತ್ತೆ ಅಚ್ಚುಮಾಡಿತು. ಅದೇ ಸಂಸ್ಥೆ ಬಿರೂನಿಯವರ ಖಗೋಳಶಾಸ್ತ್ರದ ಮಹಾಗ್ರಂಥ ಅಲ್ ಕಾನೂನುಲ್ ಮಸ್ಊದಿಯನ್ನೂ ಮೂರು ಸಂಪುಟಗಳಲ್ಲಿ ಹೊರತಂದಿದೆ. ಸುಲ್ತಾನ್ ಮಸ್ಊದನಿಗೆ ಅರ್ಪಿಸಿದ ಆ ಗ್ರಂಥಕ್ಕೆ ಬಹುಮಾನವಾಗಿ ಅವನು ಒಂದು ಆನೆ ಹೊರುವಷ್ಟು ಬೆಳ್ಳಿಯ ನಾಣ್ಯ ಕಳುಹಿಸಿದನೆಂದೂ ಬಿರೂನಿಯವರು ತಮಗೆ ಬೇಕಿಲ್ಲವೆಂದು ಹಿಂದಕ್ಕೆ ಕಳುಹಿಸಿದರೆಂದೂ ನಂತರದ ಚರಿತ್ರಕಾರರು ಹೇಳುತ್ತಾರೆ.

ವಯಸ್ಸು ಎಂಬತ್ತರ ಹತ್ತಿರ ಬಂದಾಗ ಕಣ್ಣು ಮಂಜಾಯಿತು, ಕಿವಿ ಮಂದವಾಯಿತು. ಆಗ ಒಬ್ಬ ವೈದ್ಯರ ನೆರವು ಪಡೆದು ಔಷಧಿಗಳ ಕುರಿತು ಕಿತಾಬುಸ್ಸೈದನಾ ಬರೆದರು. ಒಂದೊಂದು ಮೂಲಿಕೆಗೂ ಅರಬ್ಬಿ, ಫಾರಸಿ, ಗ್ರೀಕ್, ಸಿರಿಯಾಕ್ ಹೆಸರುಗಳ ಜೊತೆಗೆ ಭಾರತದ ಹೆಸರುಗಳನ್ನೂ ಅದರಲ್ಲಿ ಕೊಟ್ಟಿದ್ದಾರೆ.

ಬಿರೂನಿಯವರು ತೀರಿಕೊಂಡದ್ದು ಘಜ್ನಿಯಲ್ಲಿ, ಸುಮಾರು 1048ರಲ್ಲಿ. ಅವರ ಕೊನೆಯ ಗಳಿಗೆಯ ಪ್ರಸಂಗವೊಂದನ್ನು ಯಾಕೂತ್ ಎಂಬ ಚರಿತ್ರಕಾರರು ದಾಖಲಿಸಿದ್ದಾರೆ. ಫಿಕ್ಹ್ ಬಲ್ಲ ವಿದ್ವಾಂಸರೊಬ್ಬರು ನೋಡಲು ಬಂದರು. ಉಸಿರು ಗಂಟಲಲ್ಲಿ ಏಳುತ್ತಿತ್ತು. ಆ ಸ್ಥಿತಿಯಲ್ಲೂ ಬಿರೂನಿಯವರು, ಹಿಂದೊಮ್ಮೆ ಅಜ್ಜಿಯರ ಆಸ್ತಿ ಹಕ್ಕಿನ ಲೆಕ್ಕದ ಬಗ್ಗೆ ಹೇಳಿದ್ದಿರಲ್ಲ, ಅದು ಹೇಗೆ ಎಂದು ಕೇಳಿದರು. ಈ ಹೊತ್ತಿನಲ್ಲೇ ಎಂದು ಬಂದವರು ಮರುಕದಿಂದ ಕೇಳಿದಾಗ, ತಿಳಿಯದೆ ಹೋಗುವುದಕ್ಕಿಂತ ತಿಳಿದುಕೊಂಡು ಹೋಗುವುದು ಮೇಲಲ್ಲವೇ ಎಂಬ ಅರ್ಥದ ಉತ್ತರ ಕೊಟ್ಟರು. ಬಂದವರು ವಿವರಿಸಿದರು. ಬಿರೂನಿಯವರು ಅದನ್ನು ತಾವೊಮ್ಮೆ ಹೇಳಿ ಒಪ್ಪಿಸಿದರು. ಆ ವಿದ್ವಾಂಸರು ಎದ್ದು ಹೊರಬಂದು ಇನ್ನೂ ಬೀದಿಯಲ್ಲಿರುವಾಗಲೇ ಮನೆಯೊಳಗಿನಿಂದ ಅಳುವಿನ ದನಿ ಕೇಳಿಬಂತು.